ಕೊಪ್ಪದ ಮೇಸ್ತ್ರಿ ಕೂರಿಸಿದ ಸೀಲು

ಸಿಂಚನಾ, ಪ್ರಣವ,

ಹೋದ ವಾರ ನಮ್ಮ ಬಚ್ಚಲಿನ ನಲ್ಲಿ ಸೋರುತ್ತಿತ್ತಲ್ಲ. ಪ್ಲಂಬರ್ ಬಂದು ಹೊಸ ವಾಷರ್ ಹಾಕಿ ಹೋದ. ಮರುದಿನ ಬೆಳಿಗ್ಗೆ ಮತ್ತೆ ತೊಟ್ಟಿಕ್ಕಿತು. ಪ್ರಣವ, ನೀನು ಹಲ್ಲುಜ್ಜುತ್ತ, “ಕೊಪ್ಪದ ಸೀಲಾಯ್ತು ಇದು” ಎಂದೆ. ಸಿಂಚನಾ ನಕ್ಕಳು. ನಿಮ್ಮ ಅಪ್ಪನೂ ನಕ್ಕರು. ನಾನು ಯಾವತ್ತಿನ ಹಾಗೆ ತಲೆ ಎತ್ತದೆ ದೋಸೆ ಮಗುಚುತ್ತ ಹೋದೆ.

ಈ ಮಾತು ನಮ್ಮ ಮನೆಯಲ್ಲಿ ಹದಿಮೂರು ವರ್ಷದಿಂದ ಓಡಾಡುತ್ತಿದೆ. ಹೊಲಿಸಿದ ಚಪ್ಪಲಿ ಕಿತ್ತರೆ ಕೊಪ್ಪದ ಸೀಲು, ರಿಪೇರಿಯಾದ ಮಿಕ್ಸಿ ಸುಟ್ಟರೆ ಕೊಪ್ಪದ ಸೀಲು. ಅದು ಯಾವ ಸೀಲು, ಹಾಕಿದವರು ಯಾರು ಎಂದು ನಿಮಗೆ ಗೊತ್ತಿಲ್ಲ. ಗೊತ್ತಿರುವವಳು ನಿಮ್ಮ ಅಜ್ಜಿ ನಾನೊಬ್ಬಳೇ. ಅದನ್ನು ಹಾಕಿದವರು ಕಳೆದ ತಿಂಗಳು ತೀರಿಕೊಂಡರು. ಒಂದೇ ಮನೆಯಲ್ಲಿದ್ದುಕೊಂಡು ಬರೆದು ತಿಳಿಸುವುದು ನಿಮಗೆ ತಮಾಷೆ ಅನ್ನಿಸಬಹುದು. ಆದರೆ ನಾಲ್ಕು ಜನರ ಮುಂದೆ ಬಾಯಿ ಬಿಡುವುದು ನನ್ನಿಂದ ಆಗುವುದಿಲ್ಲ. ನಮ್ಮೂರ ಶಾಲೆಯಲ್ಲಿ ಏಳನೇ ಕ್ಲಾಸಿನವರೆಗೆ ಓದಿದವಳು, ಕಾಗುಣಿತ ತಪ್ಪಿದ್ದರೆ ತಿದ್ದಿಕೊಂಡು ಓದಿ.

ಅವರ ಹೆಸರು ಬರೆಯುವುದಿಲ್ಲ. ಕಾರು ರಿಪೇರಿ ಮಾಡುತ್ತಿದ್ದರು, ಕೊಪ್ಪದಲ್ಲಿ ಎಲ್ಲರೂ ಮೇಸ್ತ್ರಿ ಎನ್ನುತ್ತಿದ್ದರು. ಸಣ್ಣ ಆಳು, ತೆಳ್ಳಗಿನ ಕುತ್ತಿಗೆ, ದಾರ ಕಟ್ಟಿದ ಕನ್ನಡಕ. ಖಾಕಿ ಅಂಗಿಯ ಎದೆಯ ಜೇಬಿನ ಬಾಯಿಯನ್ನು ಹೊಲಿಸಿಬಿಟ್ಟಿದ್ದರು. ಬಗ್ಗಿದಾಗ ಪೆನ್ನೋ ಸ್ಕ್ರೂವೋ ಎಂಜಿನ್ನಿನ ಒಳಗೆ ಬಿದ್ದರೆ ಏನು ಗತಿ ಎಂದು. ಜೇಬು ಯಾಕೆ ಬೇಕಿತ್ತು ಹಾಗಾದರೆ ಎಂದು ಯಾರೋ ಕೇಳಿದ್ದಕ್ಕೆ, ಜೇಬಿಲ್ಲದ ಅಂಗಿ ನೋಡಿದರೆ ಗಿರಾಕಿಗಳಿಗೆ ಕನಿಕರ ಬರುತ್ತದೆ ಎಂದಿದ್ದರಂತೆ. ಎರಡು ಕೈಯ ಒಂಬತ್ತು ಉಗುರುಗಳು ಕಪ್ಪು. ಬಲಗೈ ಹೆಬ್ಬೆರಳಿನ ಉಗುರು ಮಾತ್ರ ಉದ್ದ ಮತ್ತು ಶುಭ್ರ. ಅದು ಅವರ ಹತಾರ. ಕಣ್ಣಿಗೆ ಕಾಣದ ಗೀರನ್ನು ಆ ಉಗುರು ಎಳೆದು ಪತ್ತೆ ಮಾಡುತ್ತಿದ್ದರು.

ಅವರ ಅಂಗಡಿಯ ಹಿಂದಿನ ಗೋಡೆಯಲ್ಲಿ ಸಾಲಾಗಿ ಮೊಳೆಗಳಿದ್ದವು. ಮೊಳೆಗಳಿಗೆ ಅಡಿಕೆ ಮರದಿಂದ ಉದುರಿದ ಅಗಲ ಹಾಳೆಗಳು ನೇತಾಡುತ್ತಿದ್ದವು. ನಾವು ಹಾಳೆಯಲ್ಲಿ ಟೋಪಿ ಮಾಡುತ್ತೇವೆ, ಈಗ ಪ್ಲೇಟು ಮಾಡುತ್ತಾರೆ. ಮೇಸ್ತ್ರಿ ಅದರಲ್ಲಿ ಕಾರಿನ ಕಾಯಿಲೆ ನೋಡುತ್ತಿದ್ದರು. ಸಂಜೆ ಎಂಜಿನ್ನಿನ ಅಡಿಗೆ ಒಂದು ಅಗಲ ಹಾಳೆ ಹಾಸಬೇಕು, ಬೆಳಿಗ್ಗೆ ತೆಗೆಯಬೇಕು. ಕಾರಿನ ಮೂತಿಯ ಕಡೆ ಬರುವ ಅಂಚಿಗೆ ಕತ್ತಿಯಿಂದ ಒಂದು ಕಚ್ಚು. ಅಡ್ಡಕ್ಕೆ ಮಸಿಯಲ್ಲಿ ಎರಡು ಗೆರೆ, ಅಂದರೆ ಮೂರು ಮನೆ. ಎಣ್ಣೆಯ ತೊಟ್ಟು ಮುಂದಿನ ಮನೆಯಲ್ಲಿ ಬಿದ್ದಿದ್ದರೆ ಎಂಜಿನ್ನಿನ ಮುಂದಿನ ಸೀಲು ಸೋರುತ್ತಿದೆ. ಹಿಂದಿನ ಮನೆಯಲ್ಲಿದ್ದರೆ ಹಿಂದಿನ ಸೀಲು. ನಡುವೆ ಬಿದ್ದಿದ್ದರೆ ಚೇಂಬರ್, ಅಂದರೆ ಎಂಜಿನ್ನಿನ ಹೊಟ್ಟೆಯ ಅಡಿಗಿರುವ ಎಣ್ಣೆಯ ತಟ್ಟೆ. ಕಾಗದ ಯಾಕಾಗುವುದಿಲ್ಲ ಎಂದರೆ, ಕಾಗದ ಎಣ್ಣೆ ಕುಡಿದು ಹರಡಿಸಿ ಸುಳ್ಳು ಹೇಳುತ್ತದೆ, ಹಾಳೆಯ ಮೇಲೆ ಬಿದ್ದ ತೊಟ್ಟು ಬಿದ್ದಲ್ಲೇ ಕೂತಿರುತ್ತದೆ ಎನ್ನುತ್ತಿದ್ದರು.

ಜಯಪುರದಿಂದ, ಕಮ್ಮರಡಿಯಿಂದ ಜನ ಇಂಥ ಹಾಳೆಗಳನ್ನು ಬಸ್ಸಿಗೆ ಹಾಕಿ ಕಳಿಸುತ್ತಿದ್ದರು. ಕಂಡಕ್ಟರುಗಳು ಅವರ ಅಂಗಡಿಯ ಮುಂದೆ ತಲೆ ಹೊರಗೆ ಹಾಕಿ, ಮೇಸ್ತ್ರಿ, ರಕ್ತದ ರಿಪೋರ್ಟ್ ಬಂದಿದೆ ಎಂದು ಕೂಗಿ ಕೊಡುತ್ತಿದ್ದರಂತೆ. ಕಾರು ನೋಡದೆ ಹಾಳೆ ನೋಡಿಯೇ ಯಾವ ಸಾಮಾನು ತರಬೇಕೆಂದು ಚೀಟಿ ಬರೆದು ಅದೇ ಬಸ್ಸಿನಲ್ಲಿ ವಾಪಸ್ ಕಳಿಸುತ್ತಿದ್ದರು.

ನಮ್ಮ ಕಾರು ಆಗಲೇ ಹದಿನೆಂಟು ವರ್ಷದ್ದು. ಆಗ ನಾವು ಕಡಹಿನಬೈಲಿನಲ್ಲಿದ್ದೆವು. ಕಾರು ನಿಲ್ಲಿಸಿದಲ್ಲೆಲ್ಲ ಅಂಗೈಯಷ್ಟು ಎಣ್ಣೆ ಬೀಳತೊಡಗಿದ ಮೇಲೆ ನಿಮ್ಮ ಅಜ್ಜ ಕೊಪ್ಪಕ್ಕೆ ಒಯ್ದರು. ನನ್ನನ್ನೂ ಕರೆದುಕೊಂಡು ಹೋದರು, ಕಣ್ಣಿನ ಡಾಕ್ಟರಿಗೆ ತೋರಿಸುವುದಿತ್ತು. ಮೇಸ್ತ್ರಿ ಬಾನೆಟ್ ಎತ್ತಲಿಲ್ಲ, ಅಡಿಗೆ ಬಗ್ಗಿ ನೋಡಿ ಎದ್ದರು.

“ಮಾರಾಯ್ರೆ, ಇದು ಕಾರಾ, ಗಾಣವಾ?”

ಅಜ್ಜನಿಗೆ ತಮ್ಮ ಕಾರಿನ ಬಗ್ಗೆ ಯಾರಾದರೂ ಹಗುರವಾಗಿ ಮಾತಾಡಿದರೆ ಆಗುತ್ತಿರಲಿಲ್ಲ. ಆದರೂ ಅವತ್ತು ನಕ್ಕರು. ಹಿಂದಿನ ಸೀಲು ಹೋಗಿದೆ, ಅದಕ್ಕೆ ಗೇರ್‌ಬಾಕ್ಸ್ ಇಳಿಸಬೇಕು, ಒಂದು ದಿನದ ಕೆಲಸ ಎಂದರು ಮೇಸ್ತ್ರಿ. ಅಜ್ಜ ತಾಲೂಕು ಕಚೇರಿಯಲ್ಲಿ ಕೆಲಸವಿದೆ ಎಂದು ಹೋದರು. ಡಾಕ್ಟರು ಕಣ್ಣಿಗೆ ಬಿಟ್ಟ ಔಷಧದಿಂದ ನನಗೆ ಬಿಸಿಲು ನೋಡಲು ಆಗುತ್ತಿರಲಿಲ್ಲ. ಅಂಗಡಿಯ ಒಳಗಿನ ಸ್ಟೂಲಿನಲ್ಲಿ ಇಡೀ ದಿನ ಕೂತೆ.

ಪರಗಂಡಸಿನ ಕೆಲಸವನ್ನು ನಾನು ಅಷ್ಟು ಹೊತ್ತು ಕೂತು ನೋಡಿದ್ದು ಅದೊಂದೇ ಸಲ. ಗೇರ್‌ಬಾಕ್ಸಿಗೆ ಸರಪಳಿ ಕಟ್ಟಿ, ಬಾಣಂತಿ ಮಗುವನ್ನು ತೊಟ್ಟಿಲಿಗೆ ಇಳಿಸುವ ಹಾಗೆ ಇಳಿಸಿದರು. ಅದರ ಹಿಂದೆ ಕ್ಲಚ್ಚು, ಕ್ಲಚ್ಚಿನ ಹಿಂದೆ ಗಾಲಿಯ ಹಾಗಿನ ದೊಡ್ಡ ಚಕ್ರ, ಅದರ ಹಿಂದೆ ಬಳೆಯಷ್ಟಗಲದ ಒಂದು ರಬ್ಬರ್ ಉಂಗುರ. ಇಷ್ಟೆಲ್ಲ ಬಿಚ್ಚಿದ್ದು ಆ ಬಳೆಗಾಗಿ. ಹಳೆಯದನ್ನು ಕಿತ್ತು ನನ್ನ ಕೈಗೆ ಕೊಟ್ಟರು. ಕೋಡುಬಳೆಯ ಹಾಗೆ ಗಟ್ಟಿಯಾಗಿತ್ತು, ಬಗ್ಗಿಸಿದರೆ ಪಟ್ಟೆಂದು ಮುರಿಯಿತು. ರಬ್ಬರಿಗೂ ವಯಸ್ಸಾಗುತ್ತದೆ ಅಮ್ಮ, ಮೆತ್ತಗಿರುವಷ್ಟು ದಿನ ಮಾತ್ರ ಎಣ್ಣೆ ಹಿಡಿಯುತ್ತದೆ ಎಂದರು.

ಆಮೇಲೆ ಆ ಬಳೆಯೊಳಗೆ ತಿರುಗುವ ಶಾಫ್ಟನ್ನು ಉಗುರಿನಿಂದ ಸುತ್ತ ಗೀರಿ ನೋಡಿದರು. ಹಳೆಯ ಸೀಲು ಉಜ್ಜಿ ಉಜ್ಜಿ ಅಲ್ಲಿ ಕೂದಲೆಳೆಯಷ್ಟು ಗುಂಡಿ ಬಿದ್ದಿತ್ತು. ಹೊಸ ಸೀಲನ್ನು ಅದೇ ಜಾಗದಲ್ಲಿ ಕೂರಿಸಿದರೆ ಮತ್ತೆ ಸೋರುತ್ತದೆ, ಒಂದು ಕೂದಲು ಒಳಗೆ ಕೂರಿಸಬೇಕು. ಹೊಸ ಸೀಲಿನ ತುಟಿಗೆ ಎಣ್ಣೆ ಸವರಿದರು. ರೇಡಿಯೋ ನಿಲ್ಲಿಸಿದರು. ಹಲಸಿನ ಮರದ ಒಂದು ದುಂಡನೆಯ ತುಂಡು ಇತ್ತು, ಅವರೇ ಕಡೆಸಿಕೊಂಡಿದ್ದು, ತಳ ಹಣೆಯ ಹಾಗೆ ನುಣುಪು. ಅದನ್ನು ಸೀಲಿನ ಮೇಲಿಟ್ಟು ಮರದ ಸುತ್ತಿಗೆಯಿಂದ ಮೇಲೊಂದು, ಕೆಳಗೊಂದು, ಎಡಕ್ಕೊಂದು, ಬಲಕ್ಕೊಂದು ತಟ್ಟುತ್ತ ಹೋದರು. ಪ್ರತಿ ತಟ್ಟಿಗೂ ನಿಲ್ಲಿಸಿ ಕಿವಿಗೊಡುತ್ತಿದ್ದರು. ದಾರಿಯಲ್ಲಿ ಹೋಗುತ್ತಿದ್ದ ಯಾರೋ, ಎಂತ ಮೇಸ್ತ್ರಿ, ಇನ್ನೂ ಹೊಡೆದಾಗಲಿಲ್ಲವಾ ಎಂದು ಕೇಳಿದರು. ಇವರು ತಲೆ ಎತ್ತದೆ ಹೇಳಿದ್ದು ನನಗೆ ಇವತ್ತಿಗೂ ಕಿವಿಯಲ್ಲಿದೆ.

“ಸೀಲು ಹೊಡೆಯೂದಲ್ಲ ಮಾರಾಯ, ಕೂರ್ಸೂದು.”

ಸಂಜೆ ಅಜ್ಜ ಬಂದಾಗ ಕಾರು ಸಿದ್ಧವಾಗಿತ್ತು. ಮೇಸ್ತ್ರಿ ಗೆರೆ ಎಳೆದ ಹಾಳೆಯನ್ನು ತಂದು ಅಜ್ಜನಿಗಲ್ಲ, ನನ್ನ ಕೈಗೆ ಕೊಟ್ಟರು. “ಇದು ನಿಮ್ಮ ಕೆಲಸ ಅಮ್ಮ. ಯಜಮಾನ್ರು ಮರೀತಾರೆ. ಮೂರು ಬೆಳಿಗ್ಗೆ ಒಣ ಇದ್ರೆ ಸೀಲು ಕೂತಿದೆ. ಒಂದು ತೊಟ್ಟು ಕಂಡ್ರೂ ಬಂಡಿ ಹೊರಗೆ ತೆಗೀಬೇಡಿ. ಹಾಳೆ ಬಸ್ಸಿಗೆ ಕೊಡಿ, ನಾನೇ ಬತ್ತೇನೆ.”

ನಿಮ್ಮ ಅಜ್ಜಿಗೆ ಹೊರಗಿನವರು ಒಂದು ಜವಾಬ್ದಾರಿ ಕೊಟ್ಟದ್ದು ಅದೇ ಮೊದಲು. ದಾರಿಯುದ್ದಕ್ಕೂ ಹಾಳೆಯನ್ನು ತೊಡೆಯ ಮೇಲಿಟ್ಟುಕೊಂಡು ಬಂದೆ.

ಮೊದಲ ಬೆಳಿಗ್ಗೆ ಒಣ. ಎರಡನೇ ಬೆಳಿಗ್ಗೆ ಒಣ. ಆ ದಿನ ಮಧ್ಯಾಹ್ನ ಅಜ್ಜ ನನ್ನನ್ನು ಕೂರಿಸಿಕೊಂಡು ತೋಟದ ರಸ್ತೆಯಲ್ಲಿ ಹೊರಟರು. ತಿರುವಿನಲ್ಲಿ ಒಂದು ಕಲ್ಲು ಎದ್ದಿತ್ತು. ನಾನು ಕಂಡೆ, ಹೇಳುವಷ್ಟರಲ್ಲಿ ಕಾಲಡಿಯಿಂದ ಧಡ್ ಎಂದು ಸದ್ದು ಬಂತು. ಅಜ್ಜ ಇಳಿದು ಬಗ್ಗಿ ನೋಡಿದರು. ಎಂತೂ ಆಗಲಿಲ್ಲ ಎಂದರು. ಸ್ವಲ್ಪ ದೂರ ಹೋದ ಮೇಲೆ, ಇದನ್ನು ಅಳಿಯನ ಹತ್ತಿರ ಹೇಳಬೇಡ, ನಗಾಡುತ್ತಾನೆ ಎಂದರು. ಅಳಿಯ ಎಂದರೆ ನಿಮ್ಮ ಅಪ್ಪ. ಮೂವತ್ತು ವರ್ಷ ಒಂದು ಗೀರು ಬೀಳದ ಹಾಗೆ ಕಾರು ಬಿಟ್ಟವರು ಎಂಬ ಹೆಸರು ಅವರಿಗಿತ್ತು. ನಾನು ಆಗಲಿ ಎಂದೆ.

ಮರುದಿನ ಶೃಂಗೇರಿಗೆ ಹೋಗುವುದಿತ್ತು. ಸಿಂಚನಾ, ನಿನ್ನ ಅಕ್ಷರಾಭ್ಯಾಸಕ್ಕೆ. ನಿನಗೆ ಮೂರು ತುಂಬಿತ್ತು. ನಿನ್ನ ಅಪ್ಪ ಅಮ್ಮ ಹಿಂದಿನ ದಿನವೇ ಬಂದಿದ್ದರು. ಬೆಳಿಗ್ಗೆ ಎದ್ದು ನಾನು ಕಾರಿನಡಿಯಿಂದ ಹಾಳೆ ಎಳೆದೆ. ನಡುವಿನ ಮನೆಯಲ್ಲಿ ಹುಣಸೆಬೀಜದಷ್ಟು ದೊಡ್ಡ ತೊಟ್ಟು. ಹಿಂದಿನ ಮನೆ ಒಣಗಿತ್ತು, ಮುಂದಿನದೂ ಒಣಗಿತ್ತು. ನಡುವೆ ಎಂದರೆ ಚೇಂಬರ್, ಚೇಂಬರ್ ಎಂದರೆ ಆ ಕಲ್ಲು. ಓದಲು ಅವರು ಕಲಿಸಿದ್ದರು, ನಾನು ಸರಿಯಾಗಿ ಓದಿದೆ.

ಅಜ್ಜ ಗಾಜು ಒರೆಸುತ್ತಿದ್ದರು. ಹಾಳೆ ಎಂತ ಹೇಳ್ತು ಎಂದು ಅಲ್ಲಿಂದಲೇ ಕೇಳಿದರು. ನಿನ್ನ ಅಪ್ಪ ಪಕ್ಕದಲ್ಲೇ ನಿಂತಿದ್ದರು. ನೀನು ಹೊಸ ಲಂಗ ಹಾಕಿಕೊಂಡು ಹಿಂದಿನ ಸೀಟಿನಲ್ಲಿ ಆಗಲೇ ಕೂತಿದ್ದೆ. ತೊಟ್ಟು ಇದೆ ಎಂದರೆ ಎಲ್ಲಿ ಎಂದು ಕೇಳುತ್ತಾರೆ. ಎಲ್ಲಿ ಎಂದು ಹೇಳಿದರೆ ಕಲ್ಲಿನ ವಿಷಯ ಬರುತ್ತದೆ. ನಾನು ಹಾಳೆಯನ್ನು ಸೆರಗಿನ ಮರೆಗೆ ಹಿಡಿದು, “ಒಣಗಿದೆ” ಎಂದೆ. ಅದನ್ನು ಕೊಟ್ಟಿಗೆಯ ಅಟ್ಟಕ್ಕೆ ಸಿಕ್ಕಿಸಿ ಬಂದು ಕಾರು ಹತ್ತಿದೆ.

ಶೃಂಗೇರಿಗೆ ಹೋಗುವ ದಾರಿ ಕೊಪ್ಪದ ಮೇಲೆಯೇ. ಮೇಸ್ತ್ರಿ ಅಂಗಡಿಯ ಮುಂದೆ ನಿಂತಿದ್ದರು. ನಮ್ಮ ಕಾರು ಕಂಡು ಅಂಗೈಯನ್ನು ಮಟ್ಟಸವಾಗಿ ಚಾಚಿ, ಹುಬ್ಬು ಎತ್ತಿದರು. ಹಾಳೆ ಹೇಗಿತ್ತು ಎಂಬ ಸನ್ನೆ. ಅಜ್ಜ ಹೆಬ್ಬೆರಳು ಎತ್ತಿ ತೋರಿಸಿದರು. ಮೇಸ್ತ್ರಿ ನಕ್ಕು ತಲೆ ಅಲ್ಲಾಡಿಸಿದ್ದು ಕಂಡಿತು. ಅಲ್ಲಿ ಒಂದು ನಿಮಿಷ ನಿಲ್ಲಿಸಿ ಎಂದು ನಾನು ಹೇಳಬಹುದಿತ್ತು. ನೀನು ನನ್ನ ತೊಡೆಯ ಮೇಲಿದ್ದೆ. ನಿನ್ನ ಜಡೆಯ ರಿಬ್ಬನ್ ಸರಿಮಾಡುತ್ತ ಕೂತೆ.

ಹರಿಹರಪುರ ದಾಟಿದ ಮೇಲೆ ಎಂಜಿನ್ನಿನಲ್ಲಿ ಕಲ್ಲು ಕುಟ್ಟಿದ ಹಾಗೆ ಸದ್ದು ಬಂತು, ಆಮೇಲೆ ಕಾರು ನಿಂತಿತು. ಹಿಂದೆ ರಸ್ತೆಯುದ್ದಕ್ಕೂ ಎಣ್ಣೆಯ ಗೆರೆ. ನಾವು ಬಸ್ಸು ಹತ್ತಿ ಹೋದೆವು. ಶಾರದೆಯ ಎದುರು ತಟ್ಟೆಯ ಅಕ್ಕಿಯಲ್ಲಿ ನಿನ್ನ ಬೆರಳು ಹಿಡಿದು ಓಂ ಬರೆಸಿದರು. ಎಲ್ಲವೂ ಚೆನ್ನಾಗಿಯೇ ಆಯಿತು. ಬೆಳಿಗ್ಗೆಯೇ ಬಸ್ಸಿನಲ್ಲಿ ಹೋಗಿದ್ದರೂ ಅಷ್ಟೇ ಚೆನ್ನಾಗಿ ಆಗುತ್ತಿತ್ತು.

ಅಜ್ಜ ಆ ಸಿಟ್ಟಿನಲ್ಲಿ ಕಾರನ್ನು ಕೊಪ್ಪಕ್ಕೆ ತರಲಿಲ್ಲ. ಲಾರಿಗೆ ಹೇರಿಸಿ ದೂರದ ಊರಿಗೆ ಕಳಿಸಿ, ಎಂಜಿನ್ ಸುಟ್ಟಿದೆ ಎಂದು ತಿಳಿದ ಮೇಲೆ ಅಲ್ಲಿಯೇ ಮಾರಿಬಿಟ್ಟರು. ಹೀಗಾಗಿ ಮೇಸ್ತ್ರಿಗೆ ಅದರ ಅಡಿಗೆ ಬಗ್ಗಿ ನೋಡುವ ಅವಕಾಶವೇ ಸಿಗಲಿಲ್ಲ.

ಸುದ್ದಿ ಕೇಳಿ ಅವರು ಬಸ್ಸಿನಲ್ಲಿ ಕಡಹಿನಬೈಲಿಗೆ ಬಂದರು, ಹತಾರದ ಚೀಲ ಹಿಡಿದುಕೊಂಡು. ಕಾರಿಲ್ಲದ ಅಂಗಳದಲ್ಲಿ ನಿಂತರು. ಅಜ್ಜ ಜಗಲಿಯಿಂದ ಇಳಿಯಲಿಲ್ಲ. ಮಗುವನ್ನು ಕೂರಿಸಿಕೊಂಡು ಹೋಗುವ ಕಾರು ಎಂದು ಗೊತ್ತಿದ್ದೂ ಎಂಥ ಕೆಲಸ ಮಾಡಿದಿರಿ, ಇನ್ನು ಯಾರಿಗೂ ಸೀಲು ಹಾಕಬೇಡಿ ಎಂದು ಏನೇನೋ ಹೇಳಿದರು. ಮೇಸ್ತ್ರಿ ಎಲ್ಲ ಕೇಳಿಸಿಕೊಂಡು ಒಂದೇ ಮಾತು ಕೇಳಿದರು.

“ಹಾಳೆ ಎಂತ ಹೇಳ್ತು?”

“ಮೂರು ದಿನವೂ ಒಣ. ಇವಳನ್ನೇ ಕೇಳಿ ಬೇಕಾದ್ರೆ.”

ಅಜ್ಜ ಸುಳ್ಳು ಹೇಳಲಿಲ್ಲ, ಅವರಿಗೆ ನಾನು ಹೇಳಿದ್ದು ಅಷ್ಟೇ. ಕಲ್ಲಿನದನ್ನು ಅವರು ಮರೆತೇಬಿಟ್ಟಿದ್ದರೋ, ಮರೆಯಲು ನೋಡುತ್ತಿದ್ದರೋ, ನನಗೆ ಗೊತ್ತಿಲ್ಲ. ನಾನು ನೀರು ಬೆಲ್ಲ ಹಿಡಿದು ಬಾಗಿಲಲ್ಲಿ ನಿಂತಿದ್ದೆ. ಮೇಸ್ತ್ರಿ ನನ್ನ ಕಡೆ ತಿರುಗಿದರು. “ಹೌದಾ ಅಮ್ಮ?”

ನಾನು ಹೌದೆಂದು ತಲೆ ಆಡಿಸಿದೆ.

ಅವರು ಸ್ವಲ್ಪ ಹೊತ್ತು ಆ ಶುಭ್ರವಾದ ಉಗುರನ್ನೇ ನೋಡಿಕೊಂಡರು. “ಹಾಗಾದ್ರೆ ತಪ್ಪು ನನ್ನದೇ. ಮೂರು ದಿನ ಒಣ ಇದ್ದ ಸೀಲು ದಾರೀಲಿ ಬಿಟ್ಟಿದೆ ಅಂದ್ರೆ ಕೂರ್ಸಿದ್ದು ಸರಿ ಇಲ್ಲ” ಎಂದರು. ನೀರು ಕುಡಿದರು, ಬೆಲ್ಲ ಮುಟ್ಟಲಿಲ್ಲ. ಚೀಲ ಎತ್ತಿಕೊಂಡು ಹೋದರು.

ಆಮೇಲೆ ಅವರು ಯಾರಿಗೂ ಸೀಲು ಹಾಕಲಿಲ್ಲ. ಬ್ರೇಕು, ಪಂಕ್ಚರು, ಪ್ಲಗ್ಗು, ಇಷ್ಟೇ. ಸೀಲಿನ ಕೆಲಸ ಬಂದರೆ ನನ್ನ ಕೈ ಸರಿ ಇಲ್ಲ ಎಂದು ಬೇರೆಯವರ ಹತ್ತಿರ ಕಳಿಸುತ್ತಿದ್ದರಂತೆ. ಗೋಡೆಯ ಹಾಳೆಗಳನ್ನೆಲ್ಲ ಇಳಿಸಿದರಂತೆ. ಇದನ್ನು ನನಗೆ ಹೇಳಿದವನು ಒಬ್ಬ ಕಂಡಕ್ಟರ್. ಈಗ ರಿಪೋರ್ಟ್ ಕೊಡುವುದಿಲ್ಲ ಅಮ್ಮ, ಡಾಕ್ಟರಿಗೇ ಸೌಖ್ಯ ಇಲ್ಲ ಎಂದು ನಗಾಡಿದ. ನಾನು ಕಿಟಕಿಯ ಹೊರಗೆ ನೋಡಿದೆ. ನಮ್ಮ ಮನೆಯಲ್ಲಿ ಅಷ್ಟರಲ್ಲಿ ಕೊಪ್ಪದ ಸೀಲು ಎಂಬ ಆ ಮಾತು ಹುಟ್ಟಿ ಬೆಳೆದಿತ್ತು. ಮೊದಲು ಅಂದವರು ಅಜ್ಜ. ಅವರು ಅಂದಾಗಲೆಲ್ಲ ನಾನು ಏನಾದರೊಂದು ಪಾತ್ರೆ ಹಿಡಿದು ಒಳಗೆ ಹೋಗುತ್ತಿದ್ದೆ.

ಅಜ್ಜನನ್ನು ಕೆಟ್ಟವರೆಂದು ತಿಳಿಯಬೇಡಿ. ಸುಳ್ಳು ನನ್ನದು, ಅವರದಲ್ಲ. ಅವರು ಬದುಕಿರುವಷ್ಟು ದಿನ, ಗಂಡನ ಮಾನ ಕಳೆಯಬಾರದು ಎಂದು ಸುಮ್ಮನಿದ್ದೆ ಎಂದು ನನಗೆ ನಾನೇ ಹೇಳಿಕೊಂಡೆ. ಅವರು ಹೋದ ಮೇಲೆ ಆ ನೆಪವೂ ಇರಲಿಲ್ಲ. ಅವರ ವರ್ಷಾಂತಿಕ ಮುಗಿದ ಮೇಲೆ ಅಟ್ಟದಿಂದ ಹಾಳೆ ಇಳಿಸಿದೆ. ತೊಟ್ಟು ಕಪ್ಪಾಗಿ ಹಾಗೆಯೇ ಕೂತಿತ್ತು. ಪೇಪರಿನಲ್ಲಿ ಸುತ್ತಿ ಬಸ್ಸು ಹತ್ತಿದೆ.

ಅಂಗಡಿಯಲ್ಲಿ ಮೂರು ನಾಲ್ಕು ಜನ ಗಂಡಸರು ಕೂತು ಮಾತಾಡುತ್ತಿದ್ದರು. ಮೇಸ್ತ್ರಿಯ ತಲೆ ಬೆಳ್ಳಗಾಗಿತ್ತು. ನನ್ನನ್ನು ಕಂಡ ಕೂಡಲೇ ಎದ್ದು ಸ್ಟೂಲು ಒರೆಸಿ ಕೊಟ್ಟರು, ಅಜ್ಜನ ವಿಷಯ ಕೇಳಿ ತಿಳಿದಿತ್ತು, ಬರಲು ಧೈರ್ಯವಾಗಲಿಲ್ಲ ಎಂದರು. ಚಾ ತರಿಸಿದರು. ಆಮೇಲೆ ನನ್ನ ಕೈಯ ಕಟ್ಟು ನೋಡಿದರು. ಪೇಪರಿನ ಹೊರಗೆ ಹಾಳೆಯ ತುದಿ ಕಾಣುತ್ತಿತ್ತು.

“ಅದೆಂತ ಅಮ್ಮ, ಹಾಳೆಯಾ?”

ಆ ಗಂಡಸರೆಲ್ಲ ನನ್ನ ಕಡೆ ನೋಡಿದರು. ಪ್ಲೇಟು ಮಾಡಿಸಲು ಮಾದರಿಗೆ ತಂದಿದ್ದೇನೆ ಎಂದೆ.

“ಒಳ್ಳೇದಾಯ್ತು. ಈಗ ಹಾಳೆಗೂ ಮರ್ಯಾದೆ ಬಂತು” ಎಂದು ಅವರು ನಕ್ಕರು. ನಾನು ಚಾ ಕುಡಿದು, ಮುಂದಿನ ಬಸ್ಸಿಗೆ ವಾಪಸ್ ಬಂದೆ. ಮತ್ತೊಂದು ದಿನ, ಯಾರೂ ಇಲ್ಲದಾಗ ಹೋಗುತ್ತೇನೆ ಎಂದುಕೊಂಡೆ. ಐದು ವರ್ಷದಲ್ಲಿ ಆ ದಿನ ಬರಲೇ ಇಲ್ಲ.

ಕಳೆದ ತಿಂಗಳು ಸುದ್ದಿ ಬಂತು. ಹದಿಮೂರು ದಿನ ಕಳೆದ ಮೇಲೆ, ಔಷಧಿ ತರಬೇಕೆಂದು ನಿಮ್ಮ ಅಮ್ಮನಿಗೆ ಹೇಳಿ ಹೋದೆ. ಅಂಗಡಿಯ ಹಿಂದೆಯೇ ಅವರ ಮನೆ. ಅವರ ಹೆಂಡತಿ ನನ್ನ ವಯಸ್ಸಿನವರು, ನಾನು ಯಾರೆಂದು ಹೇಳಿದ ಮೇಲೆ ಗುರುತಿಸಿದರು. ನಾನು ಹಾಳೆ ಬಿಚ್ಚಿ ಅವರ ಮುಂದಿಟ್ಟೆ. ಅವರು ತಿರುಗಿಸಿ ನೋಡಿದರು.

“ನಂಗೆ ಇದೆಲ್ಲ ಓದೂಕೆ ಬರೂದಿಲ್ಲ ಅಮ್ಮ. ಅವ್ರಿಗೇ ಗೊತ್ತಿತ್ತು.”

ಆಗ ನಾನು ಹೇಳಿದೆ. ಕಲ್ಲು, ತೊಟ್ಟು, ನಡುವಿನ ಮನೆ, ಒಣಗಿದೆ ಎಂದದ್ದು, ತಲೆ ಆಡಿಸಿದ್ದು, ಪ್ಲೇಟಿನ ಮಾದರಿ ಎಂದದ್ದು, ಎಲ್ಲ. ಇಷ್ಟು ಉದ್ದದ ಮಾತನ್ನು ನಾನು ಜೀವಮಾನದಲ್ಲಿ ಯಾರಿಗೂ ಹೇಳಿರಲಿಲ್ಲ. ಅವರು ಅಳಲಿಲ್ಲ, ಸಿಟ್ಟು ಮಾಡಲಿಲ್ಲ. ಎದ್ದು ಹೋಗಿ ಆ ಹಲಸಿನ ತುಂಡನ್ನು ತಂದರು. ತಳ ಈಗಲೂ ನುಣುಪಾಗಿತ್ತು.

“ಸಂಜೆ ಸಂಜೆ ಇದನ್ನ ಕೈಯಲ್ಲಿ ತಿರುಗಿಸ್ತಾ ಕೂರ್ತಿದ್ರು. ಎಲ್ಲಿ ತಪ್ಪಿದೆ ಅಂತ ಗೊತ್ತಾಗ್ಲಿಲ್ಲ ಕಣೆ ಅನ್ನೋರು. ಹಾಸಿಗೆ ಹಿಡಿದ ಮೇಲೂ ಅದನ್ನೇ ಅಂದ್ರು.” ಅದನ್ನು ಹಾಳೆಯ ಪಕ್ಕದಲ್ಲಿಟ್ಟು, “ಹೇಳ್ಬೇಕಿತ್ತು ಅಮ್ಮ ನೀವು. ಒಂದು ಮಾತು” ಎಂದರು.

ನಾನು ಹಾಳೆಯನ್ನು ಮತ್ತೆ ಪೇಪರಿನಲ್ಲಿ ಸುತ್ತಲು ಹೊರಟೆ.

ಹಾಳೆ ಇಲ್ಲಿಯೇ ಇರಲಿ ಎಂದು ಅವರು ಅದನ್ನು ಅಂಗಡಿಗೆ ಒಯ್ದರು. ಹಿಂದಿನ ಗೋಡೆಯ ಮೊಳೆಗಳು ಹಾಗೆಯೇ ಇದ್ದವು, ಖಾಲಿ. ಒಂದಕ್ಕೆ ಸಿಕ್ಕಿಸಿದರು. ಕಚ್ಚು ಹಾಕಿದ ಅಂಚು ಕೆಳಗೆ ಬಂದಿತ್ತು. ಅವರು ಬಾಗಿಲ ಕಡೆ ಹೊರಟಿದ್ದರು. ನಾನು ನಿಂತೆ.

“ಮೂತಿ ಮೇಲೆ ಬರ್ಬೇಕು” ಎಂದೆ. ಹಾಳೆಯನ್ನು ತೆಗೆದು, ತಿರುಗಿಸಿ, ನಾನೇ ಸಿಕ್ಕಿಸಿದೆ. ನಡುವಿನ ಮನೆಯಲ್ಲಿ ತೊಟ್ಟು. ಅದರ ಕೆಳಗೆ ಹಿಂದಿನ ಮನೆ, ಹದಿಮೂರು ವರ್ಷ ಕಳೆದರೂ ಒಣ.

ಸಿಂಚನಾ, ಪ್ರಣವ, ಆ ಹಾಳೆಯನ್ನು ನೋಡಿ ಅರ್ಥ ಮಾಡಿಕೊಳ್ಳುವವರು ಇನ್ನು ಕೊಪ್ಪದಲ್ಲಿ ಯಾರೂ ಇಲ್ಲ. ಅದಕ್ಕೇ ನಿಮಗೆ ಓದಲು ಬರುವ ಅಕ್ಷರದಲ್ಲಿ ಬರೆದೆ. ನಿಮ್ಮ ಅಪ್ಪ ಅಮ್ಮನಿಗೆ ನೀವೇ ಓದಿ ಹೇಳಿ, ಆಗ ನಾನು ಒಳಗೆ ಹೋಗದೆ ಅಲ್ಲಿಯೇ ಕೂತಿರಲು ನೋಡುತ್ತೇನೆ. ಇನ್ನೊಮ್ಮೆ ನಲ್ಲಿ ಸೋರಿದರೆ ಬೇರೆ ಏನಾದರೂ ಅನ್ನಿ. ಕೊಪ್ಪದ ಸೀಲು ಸೋರಿರಲಿಲ್ಲ, ಅದು ಕೂತಿತ್ತು. ನನ್ನ ಟ್ರಂಕಿನಲ್ಲಿ ಸೀರೆಗಳ ಅಡಿಗೆ ಒಂದು ಪ್ಲಾಸ್ಟಿಕ್ ಕವರಿದೆ. ಓದಿಯಾದ ಮೇಲೆ ಈ ಪುಟಗಳನ್ನು ಅದರಲ್ಲಿ ಹಾಕಿ, ಇಲಿ ಗೆದ್ದಲು ಮುಟ್ಟದ ಹಾಗೆ ಜೋಪಾನ ಮಾಡಿ.